ಐವತ್ತೆಂಟು ಎಂದರೆ ಐವತ್ತೆಂಟೇ

ಮಾದಾಪುರ
ಭಾನುವಾರ, 23 ಮಾರ್ಚ್ 2025

ಮುಖ ಊದಿಸಿಕೊಂಡು ಕಕ್ಕಬೆಯಲ್ಲಿ ಕೂತಿರುವ ನನ್ನ ಚಲುವಿಗೆ, ನಿನ್ನ ಲಿಂಗಕ್ಕನ ಪ್ರೀತಿ.

ಅಕ್ಷರ ನೋಡಿದ ಕೂಡಲೇ ಯಾರದೆಂದು ನಿನಗೆ ಗೊತ್ತಾಗುತ್ತದೆ. ಗೊತ್ತಾದ ಮೇಲೆ ಹರಿದು ಹಾಕಬೇಡ. ಫೋನು ಮಾಡಿದರೆ ನೀನು ಎತ್ತುವುದಿಲ್ಲ. ಹನ್ನೊಂದು ಸಲ ಮಾಡಿದೆ. ಆ ಗುಡ್ಡದಲ್ಲಿ ಸಿಗ್ನಲ್ ಇಲ್ಲವೇನೋ ಪಾಪ ಎಂದುಕೊಂಡಿದ್ದೆ. ಆಮೇಲೆ ನೋಡಿದರೆ ಹೋಂಸ್ಟೇಯಲ್ಲಿ ನೀನು ಬೇಯಿಸಿದ ಕಡಬಿನ ಫೋಟೊ ದಿನಾ ನಿನ್ನ ಸ್ಟೇಟಸ್ಸಿನಲ್ಲಿ ಬರುತ್ತಿದೆ. ಕಡಬಿಗೆ ಸಿಗುವ ಸಿಗ್ನಲ್ ನನಗೆ ಮಾತ್ರ ಸಿಗುವುದಿಲ್ಲ! ಇರಲಿ ಬಿಡು. ಕಾಗದವನ್ನು ಕಟ್ ಮಾಡಲು ಬಟನ್ ಇಲ್ಲವಲ್ಲ, ಅದಕ್ಕೇ ಪೆನ್ನು ಹಿಡಿದು ಕೂತಿದ್ದೇನೆ.

ಎರಡು ಸುದ್ದಿ ಇದೆ. ಒಂದು, ಸೆನ್ಸರ್ ತರಬೇತಿಯಲ್ಲಿ ನಾನು ಪಾಸಾದೆ. ಸುಮ್ಮನೆ ಪಾಸಲ್ಲ, ನೂರಕ್ಕೆ ತೊಂಬತ್ತೆರಡು, ಹತ್ತು ಹೆಂಗಸರಲ್ಲಿ ಮೊದಲನೆಯವಳು. ಎಸ್ಸೆಸ್ಸೆಲ್ಸಿಯಲ್ಲಿ ಎರಡು ಸಲ ಡುಮ್ಕಿ ಹೊಡೆದವಳು ನಲವತ್ತೊಂಬತ್ತನೇ ವಯಸ್ಸಿನಲ್ಲಿ ಫಸ್ಟ್ ಬಂದಿದ್ದಾಳೆ ಎಂದರೆ ನಮ್ಮ ಯಜಮಾನರು ನಂಬದೆ, ಅಂಕದ ಹಾಳೆಯನ್ನು ತಿರುಗಿಸಿ ಹಿಂದುಗಡೆಯೂ ನೋಡಿದರು.

ಇನ್ನೊಂದು ಸುದ್ದಿ ಇದಕ್ಕಿಂತ ದೊಡ್ಡದು. ಜನವರಿಯಲ್ಲಿ ಗೋಡೌನಿನ ಪುಸ್ತಕದಲ್ಲಿ ನೀನು ಬರೆದ ಐವತ್ತೆಂಟು ಸರಿಯಾಗಿಯೇ ಇತ್ತು. ತಪ್ಪು ನಿನ್ನದಲ್ಲ, ನನ್ನದು. ಮತ್ತೆ ಇದು ಈಗ ಇಡೀ ಎಸ್ಟೇಟಿಗೆ ಗೊತ್ತು, ಯಾಕೆಂದರೆ ನಾನೇ ಹೇಳಿದ್ದೇನೆ.

ಕೂತುಕೋ. ನೀರು ಕುಡಿ. ಮೊದಲಿನಿಂದ ಬರೆಯುತ್ತೇನೆ.

ಹೊಸ ವರ್ಷದ ಮೊದಲ ವಾರ ಸಾಹುಕಾರರು ನಮ್ಮನ್ನೆಲ್ಲ ಕಾಫಿ ಒಣಗಿಸುವ ಕಣದಲ್ಲಿ ನಿಲ್ಲಿಸಿ ಹೇಳಿದ್ದು ನೆನಪಿದೆಯಲ್ಲ. ಇನ್ನು ಮೇಲೆ ಕಾಫಿ ಒಣಗಿದೆಯೋ ಇಲ್ಲವೋ, ಗೋಡೌನಿನ ಗಾಳಿಯಲ್ಲಿ ನೂರಕ್ಕೆ ಎಷ್ಟು ಥಂಡಿ, ಅಂದರೆ ತೇವ, ಇದೆ, ಎಲ್ಲವನ್ನೂ ಡಬ್ಬಗಳೇ ಹೇಳುತ್ತವೆ. ಆ ಡಬ್ಬಗಳನ್ನು ನೋಡಿಕೊಳ್ಳಲು ಕಲಿತವರು ಕಣದಲ್ಲಿ ಉಳಿಯುತ್ತಾರೆ, ಕಲಿಯದವರು ತೋಟದಲ್ಲಿ ಹಣ್ಣು ಕೀಳುವ ಪಿಕಿಂಗಿಗೆ ಹೋಗಬೇಕು ಎಂದರು. ನನ್ನ ಮೊಣಕಾಲಿನ ಕಥೆ ನಿನಗೆ ಗೊತ್ತು. ಆ ಇಳಿಜಾರಿನಲ್ಲಿ ಚೀಲ ಹೊತ್ತು ನಿಲ್ಲುವುದು ನನ್ನಿಂದ ಸಾಧ್ಯವೇ ಇಲ್ಲ. ಪಿಕಿಂಗ್ ಎಂದರೆ ನನ್ನ ಮಟ್ಟಿಗೆ ಮನೆಗೆ ಹೋಗು ಎಂದ ಹಾಗೆ. ಅದಕ್ಕೇ ಅವತ್ತು ಹೆಸರು ಬರೆಸಲು ನಿನ್ನ ಕೈಯನ್ನೂ ಎಳೆದುಕೊಂಡು ಓಡಿದ್ದು.

ತರಬೇತಿಯ ಮೊದಲ ದಿನ ಭವಿತ್ ಮೇಷ್ಟ್ರು ಐಒಟಿ ಎಂದು ಬೋರ್ಡಿನ ಮೇಲೆ ಬರೆದಾಗ ನೀನು ನನ್ನ ತೊಡೆ ಚಿವುಟಿದ್ದೆ. ಡಬ್ಬ ಗಾಳಿಯನ್ನು ಮುಟ್ಟಿ ನೋಡುತ್ತದೆ, ಆಫೀಸಿನ ದೊಡ್ಡ ಡಬ್ಬಕ್ಕೆ ಹೇಳುತ್ತದೆ, ಅದು ಸಾಹುಕಾರರ ಫೋನಿಗೆ ಹೇಳುತ್ತದೆ ಎಂದು ಅವರು ಬಿಡಿಸಿ ಹೇಳಿದ ಮೇಲೆ, ನಮ್ಮ ಲೈನ್ ಮನೆಗಳ ನಲ್ಲಿ ಕಟ್ಟೆಯೂ ಇದೇ ತಾನೆ ಎಂದು ನಾನು ಅಂದೆ. ಎಲ್ಲರಿಗಿಂತ ಜೋರಾಗಿ ನಕ್ಕವಳು ನೀನು. ಆ ನಗು ಹತ್ತು ದಿನವೂ ಉಳಿಯಲಿಲ್ಲ.

ಸಂಕ್ರಾಂತಿ ಮುಗಿದ ಎರಡೇ ದಿನಕ್ಕೆ ಆ ಕೆಟ್ಟ ಮಳೆ ಹಿಡಿಯಿತಲ್ಲ, ಮೂರು ದಿನ. ಆಗಿನ್ನೂ ಡಬ್ಬಗಳಿಗೆ ಆಫೀಸಿನ ಸಂಪರ್ಕ ಕೊಟ್ಟಿರಲಿಲ್ಲ. ಗೋಡೌನಿನ ಡಬ್ಬ ತೋರಿಸಿದ ಅಂಕಿಯನ್ನು ಸಂಜೆ ಪುಸ್ತಕದಲ್ಲಿ ಬರೆಯುವ ಪಾಳಿ ನಿನ್ನದು. ಮೂರು ಸಂಜೆಯೂ ನೀನು ಐವತ್ತೆಂಟು ಎಂದು ಬರೆದೆ. ಎಪ್ಪತ್ತು ದಾಟಿದರೆ ಹೇಳಿ, ಕಿಟಕಿ ಮುಚ್ಚಿಸಿ ಫ್ಯಾನ್ ಹಾಕಿಸುತ್ತೇವೆ ಎಂದು ಆಫೀಸಿನವರು ಹೇಳಿದ್ದರು. ದಾಟಲಿಲ್ಲ, ಯಾರೂ ಮುಚ್ಚಲಿಲ್ಲ. ವಾರದೊಳಗೆ ಸಿಪ್ಪೆ ಸಮೇತ ಒಣಗಿಸಿದ್ದ ಹದಿನಾಲ್ಕು ಚೀಲ ಚೆರಿ ಕಾಫಿಗೆ ಬೂಷ್ಟು ಹಿಡಿಯಿತು. ಲೆಕ್ಕ ಬರೆಯುವ ರೈಟರ್ ಚೇತನ್‌ಕುಮಾರ್ ಪುಸ್ತಕ ತೆಗೆದು, ಮಳೆಗಾಲದಂಥ ದಿನದಲ್ಲಿ ಐವತ್ತೆಂಟು ಇರಲು ಹೇಗೆ ಸಾಧ್ಯ, ಎಂಬತ್ತೈದನ್ನೇ ಇವಳು ತಿರುಗಿಸಿ ಬರೆದಿದ್ದಾಳೆ ಎಂದು ಕೆಂಪು ಶಾಯಿಯಲ್ಲಿ ಮೂರಕ್ಕೂ ಗೆರೆ ಎಳೆದರು. "ಐದ್ಯಾವ್ದು ಎಂಟ್ಯಾವ್ದು ಅಂತ ಗೊತ್ತಿಲ್ದೋರ್ನ ಮೆಷಿನ್ ಮುಂದೆ ನಿಲ್ಸಿದ್ರೆ ಇನ್ನೇನಾಗ್ತದೆ" ಎಂದು ಹತ್ತು ಜನರೆದುರು ಅಂದರು. ನೀನು ಸೆರಗು ಕಟ್ಟಿಕೊಂಡು ಹೊರಗೆ ನಡೆದೆ. ಮಾರನೆಯ ದಿನ ಬಸ್ಸು ಹತ್ತಿದೆ.

ನಿನ್ನ ಪರವಾಗಿ ನಾನು ಬಾಯಿ ತೆರೆಯಲಿಲ್ಲ. ಅದಕ್ಕೇ ನಿನಗೆ ಸಿಟ್ಟು ಎಂದು ನನಗೆ ಗೊತ್ತು. ನಿಜ ಹೇಳಬೇಕೆಂದರೆ, ನೀನು ತಪ್ಪು ಬರೆದಿರಬಹುದು ಎಂದೇ ಆಗ ನಾನೂ ನಂಬಿದ್ದೆ. ನಾಚಿಕೆಯಾಗುತ್ತದೆ ಬರೆಯಲು. ಮಳೆಯ ಎರಡನೇ ದಿನ ನೀನು ಚೀಲದಿಂದ ಒಂದು ಹಿಡಿ ಚೆರಿ ತೆಗೆದು ಕಿವಿಯ ಹತ್ತಿರ ಕುಲುಕಿ, "ಲಿಂಗಕ್ಕಾ, ಗಲಗಲ ಅಂತಾನೇ ಇಲ್ಲ ಕಣಕ್ಕ, ಥಂಡಿ ಎಳ್ಕಂಡದೆ" ಎಂದು ನನ್ನ ಬಳಿ ಬಂದಿದ್ದೆ. ಒಣಗಿದ ಚೆರಿ ಹಿಡಿಯಲ್ಲಿ ಹೇಗೆ ಸದ್ದು ಮಾಡಬೇಕು ಎಂದು ನಿನಗಿಂತ ಚೆನ್ನಾಗಿ ಬಲ್ಲವರು ಈ ಎಸ್ಟೇಟಿನಲ್ಲಿ ಯಾರಿದ್ದಾರೆ? ಆದರೂ ನಾನು, ಡಬ್ಬ ಸರಿ ಇದೆ ಎನ್ನುತ್ತಿದೆ, ನೀನು ಸುಮ್ಮನಿರು ಎಂದು ಗದರಿದೆ. ನಾಲ್ಕು ದಿನ ಪಾಠ ಕೇಳಿದ ಜಂಬ ನನಗೆ.

ಈಗ ಅಸಲು ವಿಷಯ. ಆ ಡಬ್ಬದ ಮೇಲೆ ಒಂದು ಪ್ಲಾಸ್ಟಿಕ್ ಕವರ್ ಇತ್ತು, ನೆನಪು ಮಾಡಿಕೋ. ಗಾಜಿನ ಹಾಗೆ ಆಚೆ ಕಾಣುವಂಥದ್ದು, ಕೆಳಗೆ ರಬ್ಬರ್ ಬ್ಯಾಂಡು. ಕುಶಾಲನಗರದ ಸೀರೆ ಅಂಗಡಿಯ ಕವರ್ ಅದು, ಹಾಕಿದವಳು ನಾನು. ಇಷ್ಟು ವರ್ಷ ಸಂಜೆಯಾದರೆ ಕಾಫಿ ಗುಡ್ಡೆ ಮಾಡಿ ಟಾರ್ಪಾಲು ಮುಚ್ಚಿಯೇ ಮನೆಗೆ ಹೋದ ಕೈ ಇದು. ಬೆಲೆಬಾಳುವ ವಸ್ತು ಬರಿಮೈಯಲ್ಲಿ ನಿಂತಿರುವುದು ಕಂಡರೆ ಈ ಕೈ ಸುಮ್ಮನಿರುವುದಿಲ್ಲ. ನಮ್ಮ ಮನೆಯ ಟೀವಿ ರಿಮೋಟಿಗೆ ಕವರ್, ಮಿಕ್ಸಿಗೆ ಕವರ್, ಆಧಾರ್ ಕಾರ್ಡಿಗೆ ಎರಡು ಕವರ್. ಗೋಡೌನಿನಲ್ಲಿ ಧೂಳು, ಹೊಟ್ಟು, ಬೆಳಗಿನ ಮಂಜು. ಪಾಪ ಹೊಸ ಡಬ್ಬ, ಹಾಳಾಗದಿರಲಿ ಎಂದು ಮಳೆಗೆ ಮುಂಚೆಯೇ ಅಕ್ಕರೆಯಿಂದ ತೊಡಿಸಿದ್ದೆ. ನೀನೂ ಅದರೊಳಗಿಂದಲೇ ಅಂಕಿ ಓದುತ್ತಿದ್ದೆ. ರೈಟರ್ ಕೂಡ ನೋಡಿದ್ದರು. ಡಬ್ಬದ ಕಂಪನಿಯವರೇ ಹಾಕಿ ಕಳಿಸಿದ ಕವರ್ ಎಂದುಕೊಂಡಿದ್ದರಂತೆ! ಮಳೆ ಸುಮ್ಮನಾಗುವ ಹೊತ್ತಿಗೆ ಯಾರಿಗೂ ಅದರ ಧ್ಯಾನವಿರಲಿಲ್ಲ, ಆಮೇಲೆ ಅದು ಹರಿದು ಎಲ್ಲೋ ಬಿದ್ದುಹೋಯಿತು.

ಮಾರ್ಚ್ ಹನ್ನೊಂದರಂದು ಭವಿತ್ ಮೇಷ್ಟ್ರು ಡಬ್ಬದ ಕೆಳಗಿರುವ ಸಣ್ಣ ಜಾಲರಿ ತೋರಿಸಿ, ಇದು ಅದರ ಮೂಗು, ಇಲ್ಲಿ ಗಾಳಿ ಆಡಿದರೆ ಮಾತ್ರ ಅದು ಥಂಡಿ ಎಷ್ಟೆಂದು ಹೇಳಬಲ್ಲದು, ಮುಚ್ಚಿದರೆ ಒಳಗೆ ಸಿಕ್ಕಿಕೊಂಡ ಹಳೇ ಗಾಳಿಯನ್ನೇ ಅಳೆಯುತ್ತಾ ಕೂರುತ್ತದೆ ಎಂದರು. ನನಗೆ ಸೀರೆ ಅಂಗಡಿಯ ಕವರ್ ನೆನಪಾಯಿತು ಚಲುವಿ. ಹೊರಗೆ ಮೂರು ದಿನ ಮಳೆ, ಒಳಗೆ ನಾನು ಕಟ್ಟಿಟ್ಟ ಒಣ ಗಾಳಿ. ಡಬ್ಬ ತೋರಿಸಿದ್ದು ಐವತ್ತೆಂಟೇ. ನೀನು ಓದಿದ್ದೂ ಐವತ್ತೆಂಟೇ.

ಹೇಳಿದರೆ ಹದಿನಾಲ್ಕು ಚೀಲ ನನ್ನ ತಲೆಗೆ, ಕೆಲಸವೂ ಹೋಯಿತು ಎಂದೇ ಲೆಕ್ಕ. ಹೇಳದಿದ್ದರೆ ಅಂಕಿ ಗೊತ್ತಿಲ್ಲದವಳು ಎಂಬ ಹೆಸರು ನಿನಗೆ ಸಾಯುವವರೆಗೆ. ಒಂದು ವಾರ ಅನ್ನ ಸೇರಲಿಲ್ಲ. ಹದಿನೇಳನೇ ತಾರೀಕು ಪರೀಕ್ಷೆ ಬಂತು.

ಬೆಂಗಳೂರಿನಿಂದ ಬಂದಿದ್ದ ಮೇಡಂ ಒಬ್ಬೊಬ್ಬರಿಗೂ ಒಂದೊಂದು ಕೆಟ್ಟ ಡಬ್ಬ ಕೊಟ್ಟು, ಏನಾಗಿದೆ ಕಂಡುಹಿಡಿಯಿರಿ ಎಂದರು. ನನ್ನದರಲ್ಲಿ ಬ್ಯಾಟರಿ ಸಡಿಲವಿತ್ತು. ಎರಡು ನಿಮಿಷದಲ್ಲಿ ಸರಿ ಮಾಡಿದೆ. ಆಮೇಲೆ ಅವರು, ಡಬ್ಬ ನಡೆಯುತ್ತಿದೆ, ಬ್ಯಾಟರಿಯೂ ಸರಿ ಇದೆ, ಆದರೂ ಅಂಕಿ ಅಲ್ಲಾಡುತ್ತಿಲ್ಲ, ಆಗ ಏನು ನೋಡುತ್ತೀರಿ ಎಂದು ಕೇಳಿದರು. ಬಾಯಲ್ಲಿ ಉತ್ತರ ಹೇಳಿದ್ದರೆ ಸಾಕಿತ್ತು. ನಾನು, ಮೇಡಂ, ಹೇಳುವುದಿಲ್ಲ, ತೋರಿಸುತ್ತೇನೆ, ಸಾಹುಕಾರರನ್ನೂ ರೈಟರನ್ನೂ ಸ್ವಲ್ಪ ಕರೆಸಿ ಎಂದೆ. 

ಸಾಹುಕಾರ ಪೊನ್ನಪ್ಪನವರು ಬಂದರು, ಚೇತನ್‌ಕುಮಾರೂ ಬಂದರು. ಮೇಜಿನ ಮೇಲೆ ಎರಡು ಡಬ್ಬ ಇಟ್ಟೆ. ಎರಡರಲ್ಲೂ ಐವತ್ತಾರು. ಒಂದಕ್ಕೆ ಪ್ಲಾಸ್ಟಿಕ್ ಕವರ್ ತೊಡಿಸಿ ರಬ್ಬರ್ ಬ್ಯಾಂಡು ಬಿಗಿದೆ. ಎರಡರ ನಡುವೆ ಕುದಿಯುವ ಚಹಾದ ಕೆಟಲ್ ಇಟ್ಟು, ಮೇಲಿಂದ ಒದ್ದೆ ಗೋಣಿ ಹೊದಿಸಿದೆ. ಬರಿಮೈಯ ಡಬ್ಬ ಅರವತ್ತು ಎಂದಿತು, ಎಪ್ಪತ್ತು ಎಂದಿತು, ನೋಡನೋಡುತ್ತಿದ್ದಂತೆ ಎಂಬತ್ತೈದಕ್ಕೆ ಹೋಯಿತು. ಕವರಿನೊಳಗಿನದು ಐವತ್ತೆಂಟರಲ್ಲಿ ಕೂತಿತು. ಕೂತೇ ಇತ್ತು! ನಾನು ಬೇಡಿಕೊಂಡಿದ್ದರೂ ಅಷ್ಟು ಸರಿಯಾಗಿ ಬರುತ್ತಿರಲಿಲ್ಲ. ಜನವರಿಯಲ್ಲಿ ಗೋಡೌನಿನಲ್ಲಿ ಆಗಿದ್ದು ಇದೇ, ಕವರ್ ಹಾಕಿದವಳು ನಾನು, ಚಲುವಮ್ಮ ಕಂಡದ್ದನ್ನು ಕಂಡ ಹಾಗೆ ಬರೆದಳು, ಅವಳ ಕೈ ಕೂಡ ಕಾಫಿಗೆ ಥಂಡಿ ಹಿಡಿದಿದೆ ಎಂದು ಹೇಳಿತ್ತು, ಅದನ್ನು ಮುಚ್ಚಿಹಾಕಿದವಳೂ ನಾನೇ ಎಂದೆ.

 ಪೊನ್ನಪ್ಪನವರು ಕವರಿನ ಡಬ್ಬವನ್ನು ಕೈಗೆತ್ತಿಕೊಂಡರು. "ಎಂಥಕ್ಕೆ ಲಿಂಗಮ್ಮ, ಕವರ್ ಹಾಕಿದ್ದು ಎಂಥಕ್ಕೆ?" ಎಂದರು. "ಅದಕ್ಕೆ ಥಂಡಿ ಆಗ್ದೇ ಇರ್ಲಿ ಅಂತ ಸಾವ್ಕಾರ್ರೇ" ಎಂದೆ. ಮೊದಲು ಭವಿತ್ ಮೇಷ್ಟ್ರು ನಕ್ಕರು, ಆಮೇಲೆ ಮೇಡಂ, ಕೊನೆಗೆ ಸಾಹುಕಾರರೇ ಹೊಟ್ಟೆ ಹಿಡಿದುಕೊಂಡರು. ನಮ್ಮ ಮನೆ ರಿಮೋಟಿಗೂ ಕವರ್ ಉಂಟು, ನನ್ನ ಹೆಂಡತಿ ತೆಗೆಯಲಿಕ್ಕೆ ಬಿಡುವುದಿಲ್ಲ ಎಂದರು. ನನಗೆ ನಗು ಬರಲಿಲ್ಲ, ಅಳು ಬಂತು.

ಆಮೇಲೆ ಅವರು ಗೋಡೌನಿನ ಪುಸ್ತಕ ತರಿಸಿ ರೈಟರ್ ಮುಂದೆ ಇಟ್ಟರು. ಚೇತನ್‌ಕುಮಾರ್ ಕಿವಿ ಕೆಂಪಗೆ ಮಾಡಿಕೊಂಡು, ತಾವು ಎಳೆದ ಮೂರೂ ಗೆರೆಗಳ ಪಕ್ಕದಲ್ಲಿ "58 ಸರಿ" ಎಂದು ಬರೆದು ಮೂರು ಸಲ ರುಜು ಹಾಕಿದರು. ಚಲುವಮ್ಮನಿಗೆ ನನ್ನಿಂದ ಅನ್ಯಾಯವಾಯಿತು ಎಂದು ಅವರ ಬಾಯಿಂದಲೇ ಬಂತು. ಹತ್ತು ಜನರೆದುರೇ ಬಂತು. ನಾನು ಕಣ್ಣಾರೆ ನೋಡಿದೆ, ಕಿವಿಯಾರೆ ಕೇಳಿದೆ, ನೀನು ಅಲ್ಲಿರಲಿಲ್ಲ ಎಂಬುದೊಂದೇ ಬೇಜಾರು.

ಕೆಲಸ ಹೋಗಲಿಲ್ಲ ಕಣೇ. ಇನ್ನು ಮುಂದೆ ಇಂಥದ್ದು ಆದರೆ ಅದೇ ದಿನ ಹೇಳಬೇಕು ಎಂದು ಸಾಹುಕಾರರು ಗದರಿದರು, ಅಷ್ಟೇ. ಕವರಿನ ತಪ್ಪು ಬೇರೆ ಎಸ್ಟೇಟುಗಳಲ್ಲೂ ಆಗುತ್ತಿರಬಹುದು, ನಮಗೆ ಹೊಳೆದೇ ಇರಲಿಲ್ಲ ಎಂದು ಮೇಡಂ ಬರೆದುಕೊಂಡು ಹೋದರು. ಈಗ ಪ್ರತಿ ಡಬ್ಬದ ಮೇಲೂ ಕವರ್ ಹಾಕಬೇಡಿ ಎಂದು ಕನ್ನಡ, ತಮಿಳು, ಮಲಯಾಳಂ ಮೂರರಲ್ಲೂ ಚೀಟಿ ಅಂಟಿಸಿದ್ದಾರೆ. ನನ್ನ ಕೊರಳಲ್ಲಿ ಸೆನ್ಸರ್ ಆಪರೇಟರ್ ಎಂಬ ಕಾರ್ಡು ನೇತಾಡುತ್ತಿದೆ. ಅದಕ್ಕೆ ಕವರ್ ಇದೆ, ಕಂಪನಿಯವರೇ ಹಾಕಿಕೊಟ್ಟದ್ದು, ನನ್ನನ್ನು ಬೈಯಬೇಡ.

ಏಪ್ರಿಲ್ ಏಳು, ಸೋಮವಾರ, ಎರಡನೇ ತಂಡದ ತರಬೇತಿ ಶುರು. ಬೆಳಗಿನ ಪಾಠ ನಾನು ಮಾಡಬೇಕಂತೆ. ಪಟ್ಟಿಯಲ್ಲಿ ಮೊದಲನೆಯ ಹೆಸರು ನಿನ್ನದು, ಸಾಹುಕಾರರೇ ಬರೆಸಿದ್ದು. ಅಷ್ಟೇ ಅಲ್ಲ, ಭವಿತ್ ಮೇಷ್ಟ್ರು ಪುಸ್ತಕಕ್ಕೆ ಇನ್ನೊಂದು ಕಾಲಂ ಹಾಕಿದ್ದಾರೆ: ಡಬ್ಬ ಏನು ಹೇಳಿತು, ಕೈ ಏನು ಹೇಳಿತು. ಎರಡೂ ಒಂದೇ ಆಗದಿದ್ದರೆ ಅದೇ ಹೊತ್ತಿಗೆ ಫೋನು ಮಾಡಬೇಕು. ಹಿಡಿ ಕುಲುಕಿ ಸದ್ದು ಕೇಳುವುದನ್ನು ಉಳಿದವರಿಗೆ ಚಲುವಮ್ಮನೇ ಕಲಿಸಲಿ ಎಂದಿದ್ದಾರೆ. ಕಕ್ಕಬೆಯವರು ಕಡಬಿಗೆ ಬೇರೆ ಯಾರನ್ನಾದರೂ ಹುಡುಕಿಕೊಳ್ಳುತ್ತಾರೆ. ನಮಗೆ ನಿನ್ನ ಕಿವಿ ಬೇಕು.

ನಿನ್ನ ದಾರಿ ಕಾಯುತ್ತಿರುವ,
ಲಿಂಗಕ್ಕ

ತಾ.ಕ.: ಕಾಗದ ಮಡಚಿದ್ದೆ, ಮತ್ತೆ ಬಿಚ್ಚಿದೆ. ಜಾಲರಿಯ ಪಾಠ ಮಾರ್ಚ್ ಹನ್ನೊಂದರಂದು ನಡೆಯಿತು ಎಂದು ಬರೆದೆನಲ್ಲ, ಅದು ಸುಳ್ಳು. ಎಲ್ಲರಿಗೂ ಹಾಗೇ ಹೇಳಿದ್ದೇನೆ. ಪಾಠ ನಡೆದದ್ದು ಜನವರಿ ಇಪ್ಪತ್ತೊಂಬತ್ತರಂದು, ನೀನು ಬಸ್ಸು ಹತ್ತಿ ನಾಲ್ಕನೇ ದಿನ. ಯಾವ ಪಾಠ ಯಾವತ್ತು ಎಂದು ಯಾರೂ ಕೆದಕಲಿಲ್ಲ. ಕವರ್ ಹರಿದು ಬಿದ್ದದ್ದೂ ಅಲ್ಲ. ಅದೇ ಸಂಜೆ ನಾನೇ ಬಿಚ್ಚಿ, ಸೊಂಟಕ್ಕೆ ಸಿಕ್ಕಿಸಿಕೊಂಡು ಮನೆಗೆ ತಂದು, ಬಚ್ಚಲ ಒಲೆಗೆ ಹಾಕಿದೆ. ನಲವತ್ತೇಳು ದಿನ ಬಾಯಿ ಮುಚ್ಚಿಕೊಂಡಿದ್ದೆ. ಪಾಸಾಗಿ ಕೆಲಸ ಗಟ್ಟಿಯಾದ ಮೇಲೆ ಹೇಳೋಣ ಎಂದುಕೊಂಡಿದ್ದೆ. ಮೇಡಂ ಆ ಪ್ರಶ್ನೆ ಕೇಳಿದಾಗ ತಡೆದುಕೊಳ್ಳಲಾಗಲಿಲ್ಲ. ಇದು ಸಾಹುಕಾರರಿಗೂ ಗೊತ್ತಿಲ್ಲ, ನಮ್ಮ ಯಜಮಾನರಿಗೂ ಗೊತ್ತಿಲ್ಲ. ಈಗ ನಿನ್ನ ಕೈಯಲ್ಲಿದೆ. ಏಳನೇ ತಾರೀಕು ಬರುವಾಗ ಬೇಕಾದರೆ ಈ ಕಾಗದ ತಂದು ಎಲ್ಲರೆದುರು ಜೋರಾಗಿ ಓದು. ನಾನು ಬೋರ್ಡಿನ ಪಕ್ಕದಲ್ಲೇ ನಿಂತಿರುತ್ತೇನೆ.