ಆರಿದ್ದು ದೀಪ ಮಾತ್ರ

ಹಂಗಾರಕಟ್ಟೆ
14 ನವೆಂಬರ್ 2024, ಗುರುವಾರ

ಪ್ರೀತಿಯ ಅಪ್ಪಯ್ಯಾ,

ಹೇಗಿದ್ದೀರಿ? ಇಂಜೆಕ್ಷನ್ನಿನಿಂದ ಬಂದ ಬಾಯಿಹುಣ್ಣು ಕಡಿಮೆಯಾಯಿತೇ? ಗಂಜಿಯಾದರೂ ಇಳಿಯುತ್ತಿದೆಯೇ? ಮುಂಬೈಯಲ್ಲಿ ಅಶೋಕ್ ಮಾವನ ಮನೆ ಸಾರು ಖಾರವೆಂದು ಊಟ ಬಿಡಬೇಡಿ. ಅತ್ತೆಗೆ ಹೇಳಿದರೆ ಬೇರೆ ಮಾಡಿಕೊಡುತ್ತಾರೆ. ಇಲ್ಲಿ ಅಮ್ಮ ಗಟ್ಟಿಯಾಗಿದ್ದಾಳೆ, ನನ್ನ ಮೇಲೆ ಮಾತ್ರ ಸಿಟ್ಟು. ಫೋನಿನಲ್ಲಿ ನೀವು ನನಗೆ ಪೂರ್ತಿ ಹೇಳಲು ಬಿಡುವುದಿಲ್ಲ, ಅದಕ್ಕೇ ಈ ಕಾಗದ.

ಬ್ರಹ್ಮಾವರದ ಲ್ಯಾಬಿನಲ್ಲಿ ನಾನೇನು ಮಾಡುತ್ತೇನೆಂದು ನೀವು ಕೇಳುತ್ತಲೇ ಇರುತ್ತೀರಿ. ನಮ್ಮ ಡಿಎನ್‌ಎ ಹಿಸ್ಟೋನ್ ಎಂಬ ಪ್ರೋಟೀನಿಗೆ ಸುತ್ತಿಕೊಂಡಿರುತ್ತದೆ. ಒಂದು ಕಿಣ್ವ ಆ ಹಿಸ್ಟೋನಿಗೆ ಮೀಥೈಲ್ ಎಂಬ ಸಣ್ಣ ಗುರುತು ಅಂಟಿಸುತ್ತದೆ. ನಿಮಗೆ ಬಂದಂಥ ರಕ್ತದ ಕ್ಯಾನ್ಸರಿನಲ್ಲಿ ಕೆಲವೊಮ್ಮೆ ಅದು ಮಿತಿಮೀರಿ ಅಂಟಿಸುತ್ತದೆ. ಆ ಕಿಣ್ವವನ್ನು ತಡೆಯುವ ಮದ್ದು ಹುಡುಕುವುದೇ ನಮ್ಮ ಕೆಲಸ. ಪ್ಲೇಟಿನ ಸಣ್ಣ ಗುಳಿಗಳಲ್ಲಿ ಕಿಣ್ವ, ಹಿಸ್ಟೋನ್, ಮದ್ದು ಬೆರೆಸುತ್ತೇವೆ. ಕಿಣ್ವ ದುಡಿದಷ್ಟೂ ಬೆಳಕು ಹೊಮ್ಮುವಂತೆ ಬೇರೆ ರಾಸಾಯನಿಕ ಸೇರಿಸುತ್ತೇವೆ. ಬೆಳಕು ಕುಗ್ಗಿದರೆ ಮದ್ದು ಹಿಡಿಯಿತೆಂದು ಲೆಕ್ಕ. ಕಳೆದ ತಿಂಗಳು ಒಂದು ಮದ್ದಿಗೆ ಬೆಳಕು ಆರಿಯೇ ಹೋಯಿತು. ಕುಂದಾಪುರದ ಜಲಜ ಚಿಕ್ಕಮ್ಮ "ನಮ್ ಪ್ರೇಕ್ಷಾ ಮದ್ದ್ ಕಂಡ್‌ಹಿಡಿದ್ಳ್" ಎಂದು ನಿಮಗೂ ಊರವರಿಗೂ ಫೋನ್ ಮಾಡಿದ್ದು ಆಗಲೇ.

ನನಗೆ ಸಮಾಧಾನವಾಗಲಿಲ್ಲ. ಕಿಣ್ವವನ್ನೇ ಹಾಕದೆ, ಅದು ದುಡಿದಾಗ ಹುಟ್ಟುವ ವಸ್ತುವನ್ನು ನಾನೇ ಗುಳಿಯೊಳಗೆ ಹಾಕಿ ನೋಡಿದೆ. ಮದ್ದು ಬಿದ್ದೊಡನೆ ಆಗಲೂ ಬೆಳಕು ಆರಿತು! ಅದು ತಡೆದದ್ದು ಕಿಣ್ವವನ್ನಲ್ಲ, ಬೆಳಕನ್ನು. ನಿಮ್ಮ ಬೋಟಿನ ದೀಪ ಆರಿದ ಮಾತ್ರಕ್ಕೆ ಎಂಜಿನ್ ನಿಂತಿತು ಎನ್ನುತ್ತೀರಾ? ಮತ್ತೆ ಕಿಣ್ವ, ಮದ್ದು ಎರಡನ್ನೂ ಹಾಕಿ ಬೇರೆ ಯಂತ್ರದಲ್ಲಿ ಹಿಸ್ಟೋನನ್ನೇ ಪರೀಕ್ಷಿಸಿದೆ. ಮೀಥೈಲ್ ಎಂದಿನಂತೆ ಅಂಟಿಕೊಂಡಿತ್ತು.

ನಮ್ಮ ಮುಖ್ಯಸ್ಥ ಮನೀಷ್ ಸರ್ ಬೈಂದೂರಿನವರು. ಆ ಮದ್ದನ್ನು ನೋಡಲು ಔಷಧ ಕಂಪನಿಯವರು ಬರುವವರಿದ್ದರು. "ಈಗ ಅದ್ನೆಲ್ಲ ಹೇಳುದ್ ಬ್ಯಾಡ ಪ್ರೇಕ್ಷಾ. ನಿನ್ ಅಪ್ಪಯ್ಯಂಗೇ ಬೇಕಾದ್ ಮದ್ದಲ್ದಾ?" ಎಂದರು. ನಿಮ್ಮ ಹೆಸರು ಎತ್ತಿದ್ದಕ್ಕೆ ಮೈಯೆಲ್ಲ ಉರಿದುಹೋಯಿತು. "ಅದ್ಕೇ ಸರ್ ಹೇಳ್ತೆ. ಅಪ್ಪಯ್ಯಂಗೆ ಬೇಕಾದ್ದ್ ಮದ್ದ್, ಮದ್ದಿನ್ ಸುದ್ದಿ ಅಲ್ಲ" ಎಂದೆ. ಕಂಪನಿಯವರ ಎದುರೇ ಎದ್ದುನಿಂತು ಎಲ್ಲ ಫಲಿತಾಂಶ ತೋರಿಸಿದೆ. ಅವರು ಆ ಮದ್ದನ್ನು ಕೈಬಿಟ್ಟರು. ಸರ್ ನನ್ನನ್ನು ತಂಡದಿಂದ ತೆಗೆದು ಸ್ಟೋರಿಗೆ ಹಾಕಿದರು. "ಸುಮ್ನೆ ಇದ್ದಿರೆ ಎಂತ ಆತಿತ್ ಹೆಣೆ?" ಎಂದು ಅಮ್ಮನ ಗೊಣಗಾಟ ನಿಂತಿಲ್ಲ. ಸ್ಟೋರಿನಲ್ಲಿ ಬಾಟಲಿ ಜೋಡಿಸುತ್ತೇನೆ, ರಾಜೀನಾಮೆ ಮಾತ್ರ ಕೊಡುವುದಿಲ್ಲ. ಪರೀಕ್ಷಿಸಬೇಕಾದ ಮದ್ದುಗಳು ಇನ್ನೂ ರಾಶಿ ಇವೆ. ಸರ್ ಕರೆಯದಿದ್ದರೆ ನಾನೇ ಹೋಗಿ ಬಾಗಿಲು ತಟ್ಟುತ್ತೇನೆ.

ಮಾವನಿಗೂ ಅತ್ತೆಗೂ ನನ್ನ ನೆನಪು ಹೇಳಿ. ನಿಮ್ಮ ಕಾಲಿಗೆ ಬಿದ್ದೆನೆಂದು ತಿಳಿಯಿರಿ. ಆದರೆ ತಪ್ಪಾಯಿತೆಂದು ಅಲ್ಲ.

ನಿಮ್ಮ ಹಟಮಾರಿ ಮಗಳು,
ಪ್ರೇಕ್ಷಾ

ಮರೆಯುವ ಮುಂಚೆ: ಕಾಗದ ಮಡಚುವಾಗಲೇ ಮಾವನ ಫೋನ್ ಬಂತು. "ಇನ್ನ್ ಇಂಜೆಕ್ಷನ್ ಬ್ಯಾಡ, ಮಗಳ್ ಮದ್ದ್ ಬತ್ತ್" ಎಂದು ಆಸ್ಪತ್ರೆಗೆ ಹೋಗಲು ಒಪ್ಪುತ್ತಿಲ್ಲವಂತೆ ನೀವು. ಮಗಳ ಮದ್ದು ಇಲ್ಲ ಅಪ್ಪಯ್ಯಾ. ಇದ್ದಿದ್ದರೂ ನಿಮ್ಮ ಕೈಗೆ ಬರಲು ವರ್ಷಗಳೇ ಬೇಕಿತ್ತು. ಅಂಚೆಗೆ ಹಾಕಿದರೆ ಇದು ತಡವಾದೀತು. ರಜೆ ಕೊಟ್ಟರೂ ಸೈ, ಬಿಟ್ಟರೂ ಸೈ, ನಾಳೆ ಬಾರ್ಕೂರಿನಲ್ಲಿ ರೈಲು ಹತ್ತಿ ನಾನೇ ತರುತ್ತೇನೆ. ಓದಿ ಮುಗಿಸಿ ಅಂಗಿ ಹಾಕಿಕೊಳ್ಳಿ. ಬಾಗಿಲಲ್ಲೇ ನಿಂತಿರುತ್ತೇನೆ, ಒಟ್ಟಿಗೆ ಆಸ್ಪತ್ರೆಗೆ ಹೋಗೋಣ.