ಒಂದು ದಿನ ನನ್ನ ಅಕ್ಕನನ್ನು ಒಬ್ಬಳನ್ನೇ ಬಿಡಿ

ಏಕಮನ ಇಲಾಖೆಯ ಆಯುಕ್ತರಿಗೆ,

ಮಾನ್ಯರೇ,

ನನ್ನ ಅಕ್ಕನಿಗೆ ಕಣ್ಣು ಕಾಣುತ್ತಿಲ್ಲ. ನಿಮ್ಮ ಇಲಾಖೆಯ ಪ್ರಕಾರ ಅವಳಿಗೆ ಚೆನ್ನಾಗಿಯೇ ಕಾಣುತ್ತದೆ. ನೀವು ಹೀಗೆ ಹೇಳುತ್ತ ಕೂತಿರುವಾಗಲೇ ಅವಳ ಒಂದು ಕಣ್ಣು ಹೋಗಿದೆ. ಇನ್ನೊಂದೂ ಹೋಗುವ ಮೊದಲು, ಆಪರೇಷನ್ನಿಗಾಗಿ ಅವಳನ್ನು ಒಂದು ದಿನದ ಮಟ್ಟಿಗೆ ಏಕಮನದಿಂದ ಹೊರಗೆ ಬಿಡಿ ಎಂದು ನಿಮ್ಮ ಕಚೇರಿಗೆ ಅಲೆದು ಚಪ್ಪಲಿ ಸವೆಸಿದ್ದೇನೆ. ಕಿಟಕಿಯಲ್ಲಿ ಹೇಳಿದ್ದು ನಿಮ್ಮ ಕಿವಿಗೆ ಬೀಳಲಿಲ್ಲವಾದ್ದರಿಂದ ಈಗ ಈ ಬಹಿರಂಗ ಪತ್ರದಲ್ಲಿ ಊರ ಮುಂದೆ ಹೇಳುತ್ತಿದ್ದೇನೆ.

ಏಕಮನ ಬಂದ ಹೊಸದರಲ್ಲಿ ನಾನೂ ತಕರಾರು ತೆಗೆದವನಲ್ಲ. ಭಾವ ತೀರಿಕೊಂಡ ಮೇಲೆ ಅಕ್ಕ ಗೋಡೆಯ ಜೊತೆ ಮಾತಾಡುವ ಸ್ಥಿತಿಗೆ ಬಂದಿದ್ದಳು. ಕಿವಿಯ ಹಿಂದೆ ನಿಮ್ಮ ಬಿಲ್ಲೆ ಕೂರಿಸಿಕೊಂಡು ನಮ್ಮ ಬಡಾವಣೆಯ ಬಳಗ ಸೇರಿದಳು, ಮುಖದಲ್ಲಿ ಕಳೆ ಬಂತು. ಒಬ್ಬರಿಗೆ ಕಂಡದ್ದು ಎಲ್ಲರಿಗೂ ಕಾಣುತ್ತದೆ, ಒಬ್ಬರಿಗೆ ಅನಿಸಿದ್ದು ಎಲ್ಲರಿಗೂ ಅನಿಸುತ್ತದೆ ಎಂದು ನಿಮ್ಮ ಜಾಹೀರಾತು ಹೇಳಿತ್ತು. ನೀವು ಸುಳ್ಳು ಹೇಳಿದಿರಿ ಎನ್ನಲಾರೆ. ಹೇಳಿದ್ದು ಅಕ್ಷರಶಃ ನಿಜವಾಯಿತು, ನನ್ನ ದೂರೇ ಅದು.

ನಾನು ಕನ್ನಡಕದ ಅಂಗಡಿಯವನು. ಗಿರಾಕಿಯನ್ನು ಕುರ್ಚಿಯಲ್ಲಿ ಕೂರಿಸಿ, ಒಂದು ಕಣ್ಣು ಮುಚ್ಚಿಸಿ, ಗೋಡೆಯ ಚಾರ್ಟು ಓದಿಸುತ್ತೇನೆ. ಎಲ್ಲಿ ತಡವರಿಸುತ್ತಾರೋ ಅಲ್ಲಿಂದ ನನ್ನ ಕೆಲಸ ಶುರು. ಅಕ್ಕ ಪ್ರತಿ ಸಲವೂ ಕೊನೆಯ ಸಾಲಿನವರೆಗೆ ಸಲೀಸಾಗಿ ಓದುತ್ತಿದ್ದಳು. ಈ ವಯಸ್ಸಿಗೆ ಎಂಥ ಕಣ್ಣಪ್ಪಾ ಎಂದು ನಾನು ಹೊಟ್ಟೆಕಿಚ್ಚು ಪಟ್ಟದ್ದೂ ಉಂಟು. ಚಾರ್ಟು ಹಳದಿಗಟ್ಟಿತೆಂದು ಮೊನ್ನೆ ಹೊಸದು ತಂದು ನೇತುಹಾಕಿದೆ. ಅದರ ಮುಂದೆ ಮೊದಲು ಕೂತವಳು ಅಕ್ಕನೇ. ದಪ್ಪ ಅಕ್ಷರದ ಮೊದಲ ಸಾಲನ್ನು ಹೇಗೋ ದಾಟಿದಳು, ಎರಡನೆಯದರಲ್ಲಿ ಸುಮ್ಮನಾದಳು. ನಿನ್ನ ಅಂಗಡಿಯ ಲೈಟೇ ಸರಿಯಿಲ್ಲ ಎಂದು ನನ್ನನ್ನೇ ಬೈದು ಎದ್ದುಹೋದಳು. ಮಾರನೆಯ ದಿನ ಬಂದವಳು ಅದೇ ಚಾರ್ಟನ್ನು ಮೇಲಿಂದ ಕೆಳಗೆ ಗಿಳಿಯ ಹಾಗೆ ಒಪ್ಪಿಸಿದಳು!

ನಡುವೆ ಆಗಿದ್ದಿಷ್ಟೇ. ಹಿಂದಿನ ಸಂಜೆ ಬ್ಯಾಂಕಿನ ಕಾವಲುಗಾರ ಬಂದು ಅದನ್ನು ಓದಿ ಹೋಗಿದ್ದ. ಅವನದು ಹದ್ದಿನ ಕಣ್ಣು, ಅವನೂ ಅದೇ ಬಳಗದವನು. ಅವನು ಓದಿದ್ದು ಅಕ್ಕನಿಗೆ ತಾನೇ ಓದಿದ ಹಾಗಿತ್ತು. ನನಗೆ ಬಿಲ್ಲೆಯಿಲ್ಲ, ನಾನು ಕಂಡದ್ದು ಬಳಗಕ್ಕೆ ಕಾಣದು. ಯಾರಿಗೂ ತೋರಿಸದೆ ಕ್ಯಾಲೆಂಡರಿನ ಹಿಂಬದಿಯಲ್ಲಿ ಬೇರೆ ಅಕ್ಷರ ಬರೆದು ಹಿಡಿದೆ. ಒಂದೂ ಗುರುತು ಹತ್ತಲಿಲ್ಲ. ಬಸ್ ನಿಲ್ದಾಣದ ಟಿಕೆಟ್ ಕೌಂಟರಿನಲ್ಲಿ ಕೂತು ಇಷ್ಟು ಕಾಲ ಅವಳು ಚಿಲ್ಲರೆ ಎಣಿಸಿದ್ದು ಹೇಗೆ? ಎದುರು ಸಾಲಿನಲ್ಲಿ ನಿಂತ ಬಳಗದ ಪ್ರಯಾಣಿಕರ ಕಣ್ಣಿನಿಂದ ತನ್ನ ಕೈಯನ್ನು ನೋಡಿಕೊಂಡು.

ಕಣ್ಣೊಳಗಿನ ಒತ್ತಡ ಏರಿ ಎಡಗಣ್ಣಿನ ನರ ಸತ್ತಿದೆ, ಬಲಗಣ್ಣನ್ನು ಬೇಗ ಆಪರೇಷನ್ ಮಾಡಿದರೆ ಉಳಿಸಬಹುದು ಎಂದರು ಕಣ್ಣಾಸ್ಪತ್ರೆಯ ಡಾಕ್ಟರಮ್ಮ. ಆದರೆ ಬಿಲ್ಲೆ ಇರುವಾಗ ಕತ್ತರಿ ಹಿಡಿಯಲಾರೆ ಎಂದೂ ಹೇಳಿದರು, ಏಕೆಂದರೆ ಬಳಗದಲ್ಲಿ ಯಾರೋ ಬೀದಿಯಲ್ಲಿ ಹೊರಳಿ ನೋಡಿದರೆ ಅಕ್ಕನ ಕಣ್ಣೂ ಹೊರಳುತ್ತದೆ.

ಇಷ್ಟನ್ನು ಬರೆದು ಕೊಟ್ಟಾಗ ನಿಮ್ಮ ಇಲಾಖೆ ಮಾಡಿದ್ದೇನು? ಮೊದಲು ಒಬ್ಬ ತನಿಖಾಧಿಕಾರಿಯನ್ನು ನನ್ನ ಅಂಗಡಿಗೆ ಕಳಿಸಿದಿರಿ. ಯಾರೂ ನೋಡದ ಅಕ್ಷರಗಳನ್ನು ಬಚ್ಚಿಟ್ಟುಕೊಳ್ಳುವುದು ಏಕಮನಕ್ಕೆ ದ್ರೋಹವೆಂದು ಅವರು ನನ್ನ ಕ್ಯಾಲೆಂಡರನ್ನೇ ಎತ್ತಿಕೊಂಡು ಹೋದರು. ತಾರೀಕು ನೋಡಲಿಕ್ಕೂ ಈಗ ಪಕ್ಕದ ಅಂಗಡಿಗೆ ಹೋಗುತ್ತೇನೆ. ಆಮೇಲೆ ನಿಯಮ ತೋರಿಸಿದಿರಿ: ಒಬ್ಬರು ಹೊರಬರಬೇಕಾದರೆ ಇಡೀ ಬಳಗ ಒಪ್ಪಬೇಕು. ಬಳಗವನ್ನು ಕೇಳಿದಿರಿ. ಹಾಲು ಹಾಕುವವನಿಂದ ಹಿಡಿದು ನಿವೃತ್ತ ಹೆಡ್‌ಮಾಸ್ತರರ ತನಕ ಎಲ್ಲರೂ ಒಕ್ಕೊರಲಿನಿಂದ ಬೇಡ ಎಂದರು. ಇದಕ್ಕಿಂತ ದೊಡ್ಡ ಜನಾಭಿಪ್ರಾಯ ಬೇಕೆ ಎಂದು ನಿಮ್ಮ ಗುಮಾಸ್ತರು ನಗುತ್ತ ಕೇಳಿದರು. ನನಗೆ ಮೈಯೆಲ್ಲ ಉರಿದುಹೋಯಿತು.

ಆ ಜನ ಕೆಟ್ಟವರಲ್ಲ, ಮಾನ್ಯರೇ. ಹಾಲಿನವನು ಅಕ್ಕನಿಗೆ ಒಂದು ಲೋಟ ಹೆಚ್ಚಿಗೆ ಸುರಿದು ಹೋಗುವವನು. ಹಾಗಾದರೆ ಬೇಡ ಎಂದದ್ದೇಕೆ? ಗೊತ್ತಾಗದೆ ಅಕ್ಕನನ್ನೇ ಕೇಳಿದೆ.

"ಇದನ್ನ ತೆಗೆದ್ರೆ ಎಷ್ಟು ಕತ್ತಲೆ ಇದೆ ಅಂತ ಗೊತ್ತಾಗಿಬಿಡುತ್ತಲ್ಲೋ. ನಂಗೆ ಭಯ," ಎಂದಳು.

ಹಾಗಾದರೆ ಕಣ್ಣು ಬೇಡವೇ ಎಂದೆ.

"ಬೇಕು. ಆದ್ರೆ ಇಷ್ಟು ಜನ ಒಳಗಿಂದ ಬೇಡ ಬೇಡ ಅಂತಿರುವಾಗ, ಬೇಕು ಅನ್ನೋಕೆ ಧೈರ್ಯ ಎಲ್ಲಿಂದ ತರಲಿ?"

ಆ ಜನ ಬೇಡ ಎನ್ನುತ್ತಿದ್ದದ್ದು ಅವಳ ಭಯದಿಂದಲೇ. ಅವಳು ಹೆದರಿದಳು, ಆ ಹೆದರಿಕೆ ಬಡಾವಣೆಗೆಲ್ಲ ಹಬ್ಬಿ, ಎಲ್ಲರದೂ ಆಗಿ ಅವಳ ಮೇಲೇ ಬಂದು ಬಿತ್ತು. ಅದನ್ನು ನೀವು ಮತವೆಂದು ಎಣಿಸಿ ಮೊಹರು ಒತ್ತಿದಿರಿ. ಹೆದರಿದವಳ ಹತ್ತಿರ ಕೂತು, ಏನೂ ಆಗಲ್ಲ, ನಾನಿದ್ದೀನಿ ಎನ್ನುವವನು ಅವಳಷ್ಟೇ ಹೆದರಿದ್ದರೆ ಏನು ಪ್ರಯೋಜನ? ಇದು ನಿಮಗೆ ಗೊತ್ತಿರಲಿಲ್ಲವೋ, ಗೊತ್ತಿದ್ದೇ ಈ ನಿಯಮ ಮಾಡಿದಿರೋ? ಒಂದು ಬಡಾವಣೆಯನ್ನು ಅಂಕೆಯಲ್ಲಿಡಲು ಒಬ್ಬಳನ್ನು ಹೆದರಿಸಿದರೆ ಸಾಕು ಎಂಬುದು ಯಾರಿಗೋ ಅನುಕೂಲವಾಗಿಯೇ ಇದೆ ಎಂಬ ಗುಮಾನಿ ನನಗೆ ಹೋಗುತ್ತಿಲ್ಲ.

ನಾನೂ ಬಳಗ ಸೇರಿ, ಒಳಗಿಂದಲೇ ಅಕ್ಕನ ಪರವಾಗಿ ಒಪ್ಪಿಗೆ ಹಾಕಬಹುದು ಎಂದು ನಿನ್ನೆ ನಿಮ್ಮವರು ಒಂದು ಬಿಲ್ಲೆಯನ್ನು ಪುಕ್ಕಟೆಯಾಗಿ ಕಳಿಸಿದ್ದಾರೆ. ಬಹಳ ಉಪಕಾರವಾಯಿತು. ಒಳಗೆ ಬಂದ ಗಳಿಗೆಯಿಂದ ನಾನೂ ಹೆದರಿ ಬೇಡ ಎನ್ನುತ್ತೇನೆಂದು ನಿಮಗೂ ಗೊತ್ತು, ನನಗೂ ಗೊತ್ತು. ಅದನ್ನು ಈ ಪತ್ರದ ಜೊತೆ ವಾಪಸು ಕಳಿಸಿದ್ದೇನೆ.

ನನ್ನ ಬೇಡಿಕೆ ಇಷ್ಟು. ಬರುವ ಸೋಮವಾರ ಬೆಳಿಗ್ಗೆ ಆಸ್ಪತ್ರೆಯಲ್ಲಿ ಅವಳ ಬಿಲ್ಲೆ ತೆಗೆಸಿ. ಆಪರೇಷನ್ ಬೇಕೋ ಬೇಡವೋ ಎಂದು ಆಮೇಲೆ ಅವಳೊಬ್ಬಳನ್ನೇ ಕೇಳಿ. ಬೇಡ ಎಂದರೆ ಬಾಯಿ ಮುಚ್ಚಿಕೊಂಡು ಮನೆಗೆ ಕರೆದುಕೊಂಡು ಹೋಗುತ್ತೇನೆ. ಕತ್ತಲೆ ಕಂಡು ಅವಳು ಅಳಬಹುದು. ಅಳಲಿ, ನಾನು ಅವಳ ಕೈ ಹಿಡಿದು ಕೂತಿರುತ್ತೇನೆ.

ಇಂತಿ,
ನಿಮ್ಮ ಬಳಗಕ್ಕೆ ಸೇರದ,
ಅವಳ ತಮ್ಮ