ಬೈಲು ರೇಡಿಯೋ

1942, ಅಕ್ಟೋಬರ್ 13, ಮಂಗಳವಾರ

ಬ್ಯಾಟರಿ ಬಂತು. ಮುಳ್ಳೇರಿಯದ ಬಸ್ಸಿನವರಲ್ಲಿ ಚಾರ್ಜ್ ಮಾಡಿಸಿ ಗಾಡಿ ಹೊಡೆಯುವ ಲೋಕಯ್ಯ ತನ್ನ ಗಾಡಿಯಲ್ಲಿ ತಂದ, ಹುಲ್ಲಿನ ಅಡಿಯಲ್ಲಿ ಅಡಗಿಸಿ. ದಾರಿಯಲ್ಲಿ ಯಾರೂ ತಡೆಯಲಿಲ್ಲವಂತೆ. ತಡೆದಿದ್ದರೆ ಎಂತ ಹೇಳುತ್ತಿದ್ದೆ ಎಂದೆ. ಎಮ್ಮೆಯ ಮದ್ದು ಎನ್ನುತ್ತಿದ್ದನಂತೆ. ನಗು ಬಂತು.

ಸಂಜೆಯ ಪ್ರೋಗ್ರಾಮು ಎಂದಿನಂತೆ. ಮೊದಲು ತಂಗಿಯ ಮಗ ವೆಂಕಟಕೃಷ್ಣ ಮೈಕಿನಲ್ಲಿ "ಇದು ಬೈಲು ರೇಡಿಯೋ" ಎನ್ನುವುದು. ಅಷ್ಟೇ. ಊರಿನ ಹೆಸರಿಲ್ಲ, ಮನುಷ್ಯರ ಹೆಸರಿಲ್ಲ. ಆಮೇಲೆ ಲೋಕಯ್ಯನ ಗಾಡಿ ಪದ, ಮನೆಕೆಲಸದ ಅಮ್ಮಣಿ ರಾಗಿ ಬೀಸುವಾಗ ಹಾಡುವ ಹಾಡು. ಕೊನೆಗೆ ಸೀಮೆಎಣ್ಣೆ ಯಾವ ದಿನ ಕೊಡುತ್ತಾರೆ ಎಂಬ ಸುದ್ದಿ. ಎಲ್ಲ ಹುಲ್ಲಿನ ಕೊಟ್ಟಿಗೆಯಲ್ಲಿ, ಬಾಗಿಲು ಮುಚ್ಚಿ.

ಬೇಲಿ ದಾಟುವ ತಡಮೆಯ ಹತ್ತಿರ ನನ್ನ ಕಾವಲು. ಯಾರಾದರೂ ಬಂದರೆ ದನವನ್ನು ಕೂಗಬೇಕು, ಅದು ಗುರುತು. ಇಂದು ಯಾರೂ ಬರಲಿಲ್ಲ. ಆದರೂ ಎರಡು ಸಲ ಕೂಗಿದೆ. ವೆಂಕಟಕೃಷ್ಣ ಹೊರಗೆ ಬಂದು, "ದೊಡ್ಡಮ್ಮ, ಊರಿನ ದನಗಳೆಲ್ಲ ಬಂದುಬಿಡ್ತವೆ ಇನ್ನು" ಎಂದ.

ಅಕ್ಟೋಬರ್ 14

ತಂಗಿ ಈಶ್ವರಿಗೆ ಪುತ್ತೂರಿಗೆ ಕಾಗದ ಹಾಕಿದೆ. ನಿನ್ನ ಮಗ ಚೆನ್ನಾಗಿದ್ದಾನೆ, ಗದ್ದೆಯ ಕೆಲಸ ಕಲಿಯುತ್ತಿದ್ದಾನೆ, ಎರಡು ಹೊತ್ತು ಉಣ್ಣುತ್ತಾನೆ. ಸುಳ್ಳೇನೂ ಅಲ್ಲ. ಈಗ ಕಾಗದ ಒಡೆದು ಓದುತ್ತಾರೆ ಎನ್ನುತ್ತಾರೆ. ಅವಳಿಗೆ ಬರೆಯಲಾಗದ್ದನ್ನು ಇಲ್ಲಿ ಬರೆಯುವುದು ಅಭ್ಯಾಸವಾಗಿದೆ. ಇದೂ ಅಪಾಯವೇ. ಆದರೆ ಯಾರಿಗಾದರೂ ಹೇಳದೆ ನಿದ್ರೆ ಬರುವುದಿಲ್ಲವಲ್ಲ.

ವೆಂಕಟಕೃಷ್ಣ ಮಂಗಳೂರಿನಲ್ಲಿ ರೇಡಿಯೋ ರಿಪೇರಿ ಕಲಿತವನು. ಯುದ್ಧ ಶುರುವಾದಾಗ ರೇಡಿಯೋಗೆ ಸ್ವರ ಕಳುಹಿಸುವ ಮಷೀನು ಇದ್ದವರೆಲ್ಲ ಸರ್ಕಾರಕ್ಕೆ ಒಪ್ಪಿಸಬೇಕೆಂದು ಆರ್ಡರು. ಇವನೂ ತನ್ನದನ್ನು ಒಪ್ಪಿಸಿದ. ಉಳಿದ ಚೂರುಪಾರು ಕಟ್ಟಿಕೊಂಡು ಇಲ್ಲಿಗೆ ಬಂದ. ಒಂದು ಸಂಜೆ ಮುಳ್ಳೇರಿಯದಲ್ಲಿ ಭುಜಂಗನ ಜವಳಿ ಅಂಗಡಿಯಲ್ಲಿ ರೇಡಿಯೋದಲ್ಲಿ ಮದರಾಸಿನ ಸಂಗೀತ ಕಛೇರಿ ಕೇಳುತ್ತಿದ್ದರಂತೆ. ಹೊರಗೆ ನಿಂತ ಕೆಲಸದ ಹೆಂಗಸು, ನಮ್ಮ ಗದ್ದೆಯ ಪದ ಇದರಲ್ಲಿ ಬರ್ಲಿಕ್ಕಿಲ್ವಾ ಎಂದು ಕೇಳಿದಳಂತೆ. ಎಲ್ಲರೂ ನಕ್ಕರು. ಇವನು ನಗಲಿಲ್ಲ. ಎರಡು ತಿಂಗಳಲ್ಲಿ ಮಷೀನು ಕಟ್ಟಿದ. ಕೊಟ್ಟಿಗೆ ಕೊಟ್ಟವಳು ನಾನೇ.

ಕೇಳುವವರು ಎಷ್ಟು ಜನ? ರೇಡಿಯೋ ಇರುವುದೇ ಮೂರು ಕಡೆ. ಭುಜಂಗನ ಅಂಗಡಿ, ಕಾರಡ್ಕದ ಮಾಸ್ಟರು, ಸೀತಾಂಗೋಳಿಯ ಡಾಕ್ಟರು. ಆದರೆ ಮಂಗಳವಾರ, ಶುಕ್ರವಾರ ಅಂಗಡಿಯ ಮುಂದೆ ರಸ್ತೆಯಲ್ಲಿ ಕಾಲಿಡಲು ಜಾಗ ಇರುವುದಿಲ್ಲವಂತೆ. ಎಲ್ಲಿಂದ ಬರುತ್ತದೆ ಎಂದು ಭುಜಂಗನಿಗೂ ಗೊತ್ತಿಲ್ಲ.

ಮಳೆಗಾಲದ ಶುರುವಿನಲ್ಲಿ ಇದೆಲ್ಲ ಆಟದ ಹಾಗಿತ್ತು. ಆಗಸ್ಟಿನಿಂದ ಹಾಗಿಲ್ಲ. ಚಳವಳಿಯವರು ಎಲ್ಲೆಲ್ಲೋ ತಂತಿ ಕತ್ತರಿಸಿದರು, ರೈಲು ತಡೆದರು, ಬೊಂಬಾಯಿಯಲ್ಲಿ ಕಳ್ಳ ರೇಡಿಯೋ ಎಂದು ಹುಡುಕುತ್ತಿದ್ದಾರಂತೆ. ನಾವು ಸರ್ಕಾರದ ವಿರುದ್ಧ ಎಂತದೂ ಹೇಳುವುದಿಲ್ಲವಲ್ಲ, ಪದ ಮಾತ್ರ ಎನ್ನುತ್ತಾನೆ ವೆಂಕಟಕೃಷ್ಣ. ಮಷೀನು ಕಂಡ ಪೊಲೀಸರು ಪದ ಕೇಳುತ್ತಾ ಕೂರುತ್ತಾರೆಯೇ?

ಅಕ್ಟೋಬರ್ 16, ಶುಕ್ರವಾರ

ಅಕ್ಕುವನ್ನು ಕರೆಸಿದ್ದೆವು. ನಮ್ಮ ಬೈಲಿನಲ್ಲಿ ನಾಟಿಗೆ ಪದ ಎತ್ತುವವಳು ಅವಳೇ, ಅವಳ ಅಮ್ಮನ ಕಾಲದಿಂದ. ಕೊಟ್ಟಿಗೆಯಲ್ಲಿ ಮೈಕಿನ ಮುಂದೆ ನಿಲ್ಲಿಸಿದರೆ ಎರಡು ಸಾಲು ಹಾಡಿ ಬಾಯಿ ಮುಚ್ಚಿದಳು. ಮತ್ತೆ ಎರಡು ಸಾಲು. ಮತ್ತೆ ಮರೆತಳು.

"ನಿಂತರೆ ಬರುವುದಿಲ್ಲ ಅಮ್ಮ. ಸೊಂಟ ಬಗ್ಗಬೇಕು. ಕೈಯಲ್ಲಿ ನೇಜಿ ಬೇಕು" ಎಂದಳು.

ವೆಂಕಟಕೃಷ್ಣ ಓಡಿಹೋಗಿ ಬುಟ್ಟಿಯಲ್ಲಿ ಕೆಸರು ತಂದ, ಭತ್ತದ ನೇಜಿಯ ಕಟ್ಟು ತಂದ. ಅಕ್ಕು ಬುಟ್ಟಿಗೆ ನಾಲ್ಕು ಸಸಿ ಊರಿ ಅವನ ಮುಖ ನೋಡಿದಳು. "ಇನ್ನು ಕೊಯ್ಲಿಗೆ ಯಾವಾಗ ಬರಬೇಕು ಅಣ್ಣೇರೇ?" ಎಂದಳು. ನಾನೂ ಅಮ್ಮಣಿಯೂ ನಕ್ಕು ನಕ್ಕು ಸಾಕಾಯಿತು. ಅವನಿಗೆ ಮಾತ್ರ ಹೊಸ ಹುಚ್ಚು. ಹಾಡು ಕೊಟ್ಟಿಗೆಗೆ ಬಾರದಿದ್ದರೆ ಮೈಕು ಗದ್ದೆಗೆ ಹೋಗುತ್ತದೆ. ಮಂಗಳವಾರ ಬಾಕಿಮಾರು ಗದ್ದೆಯಲ್ಲಿ ಸುಗ್ಗಿಯ ಎರಡನೇ ಬೆಳೆಯ ನಾಟಿ. ಮನೆಯ ಎದುರೇ. ಕೊಟ್ಟಿಗೆಯಿಂದ ವೈರು ಎಳೆದರಾಯಿತು.

ಬೇಡ ಎಂದೆ. ಬಯಲಲ್ಲಿ, ಸಂಜೆಯ ಬೆಳಕು ಇರುವಾಗ — ಬೇಡ. ಅವನು ಊಟಕ್ಕೆ ಕೂತ. ಅರ್ಧ ಉಂಡು ಎದ್ದ. ಆಮೇಲೆ ನಾನು ಸುಮ್ಮನಾದೆ. ಸುಮ್ಮನಾದದ್ದನ್ನು ಅವನು ಒಪ್ಪಿಗೆ ಎಂದುಕೊಂಡ.

ಅಕ್ಟೋಬರ್ 20, ಮಂಗಳವಾರ, ರಾತ್ರಿ

ಆಯಿತು. ಏನೂ ಆಗಲಿಲ್ಲ. ದೇವರ ದಯೆ.

ವೈರನ್ನು ಬದುವಿನ ಹುಲ್ಲಿನೊಳಗೆ ಮುಚ್ಚಿ ತಂದಿದ್ದ. ಬಿದಿರಿನ ಗೂಟಕ್ಕೆ ಮೈಕು ಕಟ್ಟಿ ಮೇಲೆ ಮಳೆಗೆ ಹೊದೆಯುವ ಓಲೆಯ ಗೊರಬೆ ಮುಚ್ಚಿದ. ದೂರದಿಂದ ನೋಡಿದರೆ ಯಾರೋ ಹೆಂಗಸು ಗೊರಬೆ ಹೊತ್ತು ಬಗ್ಗಿದ ಹಾಗೆ. ಅಕ್ಕು ಪದ ಎತ್ತಿದಳು. ಹಿಂದಿನಿಂದ ಉಳಿದವರು. ಕೊಟ್ಟಿಗೆಯಲ್ಲಿ ಬಾಯಿ ಕಟ್ಟಿದವಳು ಇವಳೇನಾ! ಕೈ ನೆಡುವ ಲೆಕ್ಕಕ್ಕೆ ಸರಿಯಾಗಿ ಪದ ಹೋಗುತ್ತಿತ್ತು, ಕೈ ನಿಂತಲ್ಲಿ ನಿಲ್ಲುತ್ತಿತ್ತು. ಕೊನೆಯ ಸಾಲು ನೆಟ್ಟು ಮುಗಿಯುವಾಗ ಪದವೂ ಮುಗಿಯಿತು.

ನಮ್ಮ ಚಾವಡಿಗೆ ಅಕ್ಕು ಹತ್ತುವ ಹಾಗಿಲ್ಲ. ಡಾಕ್ಟರ ಮನೆಯ ಒಳಕೋಣೆಗೆ ಇಂದು ಅವಳ ಸ್ವರ ಹೋಗಿ ಕೂತಿತು. ಅದನ್ನು ಅಕ್ಕುವಿಗೆ ಹೇಳಿದೆ. "ಸ್ವರಕ್ಕೆ ಕಾಲಿಲ್ಲವಲ್ಲ ಅಮ್ಮ, ಅದಕ್ಕೆ ಬಿಟ್ಟರು" ಎಂದಳು. ವೆಂಕಟಕೃಷ್ಣ ಇಂದು ಮೂರು ಸಲ ಬಡಿಸಿಕೊಂಡ.

ಅಕ್ಟೋಬರ್ 21, ಬೆಳಿಗ್ಗೆ

ಭುಜಂಗ ಬಂದ. ಇಷ್ಟು ವರ್ಷದಲ್ಲಿ ನಮ್ಮ ಮನೆಗೆ ಕಾಲಿಟ್ಟವನಲ್ಲ. ಜಗಲಿಯಲ್ಲಿ ಕೂತು ಬೆಲ್ಲ ನೀರು ಕುಡಿದ. ಆಮೇಲೆ ಸಣ್ಣ ಸ್ವರದಲ್ಲಿ ಹೇಳಿದ —

"ನೆಲ್ಲಿಗುಳಿ ಅಮ್ಮ, ನಿಮ್ಮ ಮನೆಯ ಹೆಸರು ನಿನ್ನೆ ನನ್ನ ಅಂಗಡಿಯ ರೇಡಿಯೋದಲ್ಲಿ ಬಂತು."

ನನಗೆ ತಲೆಗೆ ಹೋಗಲಿಲ್ಲ. ಆಮೇಲೆ ಹೋಯಿತು.

ನಾಟಿಯ ಪದ ಮುಗಿಯುವಾಗ ಎತ್ತುವವಳು ಕೇಳುತ್ತಾಳೆ, ಈ ಗದ್ದೆ ಯಾರದು ಎಂದು. ಹಿಂದಿನವರು ಧಣಿಯ ಮನೆಯ ಹೆಸರು ಹೇಳುತ್ತಾರೆ. ಮೂರು ಸಲ. ಹೇಳದೆ ಬಿಟ್ಟ ಗದ್ದೆಯ ಪೈರು ಬೇರೆಯವರ ಕಣಜಕ್ಕೆ ಹೋಗುತ್ತದೆ ಎಂದು ನಂಬಿಕೆ. ನಿನ್ನೆಯೂ ಹೇಳಿದರು. ನೆಲ್ಲಿಗುಳಿ, ನೆಲ್ಲಿಗುಳಿ, ನೆಲ್ಲಿಗುಳಿ. ನಾನು ಬದುವಿನ ಮೇಲೆ ನಿಂತು ಕೇಳಿದೆ. ವೆಂಕಟಕೃಷ್ಣ ಕಿವಿಗೆ ಯಂತ್ರ ಹಾಕಿಕೊಂಡು ಕೇಳಿದ. ಒಬ್ಬರಿಗೂ ಹೊಳೆಯಲಿಲ್ಲ. ಹೆಸರಿಲ್ಲದ ನಾಟಿ ಪದವನ್ನು ನಾವು ಕೇಳಿಯೇ ಇಲ್ಲವಲ್ಲ. ನಮ್ಮ ಉಸಿರು ನಮಗೆ ಕೇಳಿಸುತ್ತದೆಯೇ?

ಅಂಗಡಿಯಲ್ಲಿ ಹೆಡ್ ಕಾನ್‌ಸ್ಟೇಬಲು ಕೂತಿದ್ದನಂತೆ, ಪಂಚೆ ಕೊಳ್ಳಲು ಬಂದವನು. ನಮ್ಮ ಪದದ ತುಳು ಬಲ್ಲವನು. "ನೆಲ್ಲಿಗುಳಿ ಎಲ್ಲಿ ಬರ್ತದೆ ಮಾರಾಯ ಎಂದು ಕೇಳಿದ" ಎಂದ ಭುಜಂಗ. "ಗೊತ್ತಿಲ್ಲ ಅಂದೆ. ನಿನ್ನೆ ಅಂದೆ, ಇವತ್ತೂ ಅನ್ನುತ್ತೇನೆ. ಎಷ್ಟು ದಿನ ಅಂತ ಹೇಳಲಿಕ್ಕೆ ಆಗ್ತದೆ ಅಮ್ಮ?"

ಅದೇ ದಿನ, ಮಧ್ಯಾಹ್ನ

ಮಷೀನು ಬಿಚ್ಚುವಾಗ ವೆಂಕಟಕೃಷ್ಣನ ಮುಖ ನೋಡಲಾಗಲಿಲ್ಲ. ಸ್ಕ್ರೂ ಒಂದೊಂದನ್ನೇ ತಿರುಗಿಸಿ ತೆಗೆಯುತ್ತಿದ್ದ, ಯಾರಿಗೋ ನೋವಾಗುತ್ತದೆ ಎಂಬ ಹಾಗೆ. ಕೊಡಲಿ ತಾ ಎಂದೆ. ತರಲಿಲ್ಲ. ಎಲ್ಲವನ್ನೂ ಗೋಣಿಯಲ್ಲಿ ಕಲ್ಲಿನ ಜೊತೆ ಕಟ್ಟಿ ಕೆರೆಗೆ ಹಾಕಿದೆವು. ಗುಳುಗುಳು ಎಂದಿತು. ಬಹಳ ಹೊತ್ತು ಗುಳ್ಳೆ ಬಂತು. ಗುಳ್ಳೆ ನಿಲ್ಲುವ ತನಕ ನಾನು ಬಟ್ಟೆ ಒಗೆದೆ, ಒಗೆದದ್ದನ್ನೇ.

ಅಕ್ಟೋಬರ್ 23, ಶುಕ್ರವಾರ

ಅವನನ್ನು ಕಳುಹಿಸಿದೆ. ಪುತ್ತೂರಿಗೆ ಅಲ್ಲ, ಅಲ್ಲಿ ಮೊದಲು ಹುಡುಕುತ್ತಾರೆ. ಸುಳ್ಯ ದಾಟಿ ಮಡಿಕೇರಿ ಕಡೆಗೆ, ಕಾಡುದಾರಿಯಲ್ಲಿ. ಹೋಗುವುದಿಲ್ಲ ಎಂದು ಹಟ ಹಿಡಿದ. ನಿಮ್ಮನ್ನು ಒಬ್ಬರನ್ನೇ ಬಿಟ್ಟು ಹೇಗೆ ಎಂದ. ಈಶ್ವರಿಗೆ ಇರುವುದು ನೀನೊಬ್ಬ, ನನಗೆ ಲೆಕ್ಕ ಹೇಳಬೇಡ ಎಂದು ಗದರಿದೆ. ಅವನನ್ನು ಗದರಿದ್ದು ಇದೇ ಮೊದಲು.

ಇಂದು ಶುಕ್ರವಾರ. ಭುಜಂಗನ ಅಂಗಡಿಯ ಮುಂದೆ ಜನ ಕಾಯುತ್ತಿರಬಹುದು.

ಅಕ್ಟೋಬರ್ 29

ಬಂದರು. ಇನ್ಸ್‌ಪೆಕ್ಟರು, ಆ ಹೆಡ್ ಕಾನ್‌ಸ್ಟೇಬಲು, ಮತ್ತೆ ನಾಲ್ವರು. ಅಟ್ಟ, ಕಣಜ, ದೇವರ ಕೋಣೆ, ಹಟ್ಟಿ. ಹುಲ್ಲಿನ ಕೊಟ್ಟಿಗೆಯನ್ನು ಅಡಿಮೇಲು ಮಾಡಿದರು.

ಆಗಲೇ ನನಗೆ ನೆನಪಾದದ್ದು. ಹಲಸಿನ ಮರದಿಂದ ಕೊಟ್ಟಿಗೆಯ ಮಾಡಿಗೆ ಏರಿಯಲಿಗೆಂದು ಕಟ್ಟಿದ ತಾಮ್ರದ ತಂತಿ. ಅದನ್ನು ಬಿಚ್ಚಲು ಮರೆತಿದ್ದೆವು. ಅದರ ಮೇಲೆ ನನ್ನ ಒದ್ದೆ ಸೀರೆ ಒಣಗುತ್ತಿತ್ತು, ಮಷೀನು ಇದ್ದಾಗಲೂ ನಾನು ಒಣಗಿಸುತ್ತಿದ್ದುದು ಅಲ್ಲೇ, ವೆಂಕಟಕೃಷ್ಣನಿಂದ ಬೈಸಿಕೊಂಡು. ಹೆಡ್ ಕಾನ್‌ಸ್ಟೇಬಲು ಸೀರೆಯನ್ನು ಕೈಯಲ್ಲಿ ಸರಿಸಿ ಅಡಿಯಿಂದ ನುಗ್ಗಿ ಹೋದ. ತಂತಿ ಅಲ್ಲಾಡಿತು. ನಾನು ಕಣ್ಣು ಮುಚ್ಚಿಕೊಂಡೆ. ವಿಧವೆಯ ಬಟ್ಟೆ ಎಂದೋ ಏನೋ, ಮತ್ತೆ ಮುಟ್ಟಲಿಲ್ಲ.

ಇನ್ಸ್‌ಪೆಕ್ಟರು ಜೋರು ಮಾಡುವವರಲ್ಲ. ಅದೇ ಹೆದರಿಕೆ. ಮಜ್ಜಿಗೆ ಕುಡಿದರು, ಲೋಟ ತಾವೇ ತೊಳೆದಿಟ್ಟರು. ತಂಗಿಯ ಮಗ ಎಲ್ಲಿ ಎಂದು ಕೇಳಿದರು. ಕೆಲಸ ಹುಡುಕಿಕೊಂಡು ಹೋಗಿದ್ದಾನೆ ಎಂದೆ. ಎಲ್ಲಿಗೆ? ಗೊತ್ತಿಲ್ಲ. ಬರೆದುಕೊಂಡರು.

ಈಗ ತಂತಿ ಬಿಚ್ಚಿದೆ. ಬಿಚ್ಚುವಾಗ ಕೈ ಕೊಯ್ದುಕೊಂಡೆ. ಇದನ್ನೂ ಸುಡಬೇಕು, ಈ ಪುಸ್ತಕವನ್ನು. ನಾಳೆ.

ನವೆಂಬರ್ 2

ಇನ್ಸ್‌ಪೆಕ್ಟರು ಪುನಃ ಬಂದಿದ್ದರು. ನಮ್ಮ ಮೇಲಿನ ಗದ್ದೆ ನೆಡಲು ಉಳಿದದ್ದನ್ನು ನೋಡಿದರು. ನಾಳೆ ಅದರಲ್ಲಿ ನಾಟಿ ಆಗಬೇಕಂತೆ. ಅಕ್ಕು ಪದ ಎತ್ತಬೇಕು, ಮೊದಲಿನಿಂದ ಕೊನೆಯವರೆಗೆ. ಹೆಡ್ ಕಾನ್‌ಸ್ಟೇಬಲು ಕೇಳುತ್ತಾನೆ. ರೇಡಿಯೋದಲ್ಲಿ ಕೇಳಿದ ಸ್ವರ, ಅದೇ ಪದ, ಅದೇ ಹೆಸರು ಎಂದಾದರೆ ಊರೂರಿಗೆ ತಂತಿ ಕೊಟ್ಟು ವೆಂಕಟಕೃಷ್ಣನನ್ನು ಹಿಡಿಸುತ್ತಾರೆ. ಪದ ಸರಿಯಾಗಿ ಮುಗಿಸದಿದ್ದರೆ ಅಕ್ಕುವನ್ನು ಕಾಸರಗೋಡಿಗೆ ಕರೆದುಕೊಂಡು ಹೋಗಿ ಕೇಳುತ್ತಾರೆ. ಕೇಳುತ್ತಾರೆ ಎಂಬ ಮಾತನ್ನು ಅವರು ಮೆಲ್ಲನೆ ಹೇಳಿದರು.

ಸಂಜೆ ಅಕ್ಕುವಿನ ಗುಡಿಸಲಿಗೆ ನಾನೇ ಹೋದೆ. ಇಷ್ಟು ವಯಸ್ಸಿಗೆ ಮೊದಲ ಸಲ. ಅವಳು ಗಾಬರಿಯಾಗಿ ಚಾಪೆ ಹುಡುಕಿದಳು. ನೆಲದಲ್ಲೇ ಕೂತೆ. ಹೆಸರು ಹೇಳಿಬಿಡು ಎಂದೆ. ಹುಡುಗ ದೂರ ಹೋಗಿದ್ದಾನೆ, ನಿನ್ನನ್ನು ಅವರ ಕೈಗೆ ಕೊಡಲಾರೆ.

"ಅಣ್ಣೇರು ಎಷ್ಟು ದೂರ ಹೋಗಿರಬಹುದು?"

"ಮಡಿಕೇರಿ ಮುಟ್ಟಿರಬಹುದು."

"ಅದು ದೂರವಾ?"

ತಂತಿಗೆ ಯಾವುದು ದೂರ.

"ನೀವು ಹೆದರಬೇಡಿ ಅಮ್ಮ. ನಾನು ಪದ ಬಿಡುವುದಿಲ್ಲ" ಎಂದಳು. ಹೇಳುತ್ತೇನೆ ಎಂದಳೋ, ಹೇಳುವುದಿಲ್ಲ ಎಂದಳೋ — ದಾರಿಯಿಡೀ ಯೋಚಿಸಿದೆ.

ನವೆಂಬರ್ 3, ಮಂಗಳವಾರ, ಬೆಳಿಗ್ಗೆ ಹತ್ತು

ಚಾವಡಿಯ ಕಿಟಕಿಯಲ್ಲಿ ಕೂತಿದ್ದೇನೆ. ಹೊರಗೆ ಬರಬಾರದು, ಸನ್ನೆ ಮಾಡಬಾರದು ಎಂದು ಹೇಳಿದ್ದಾರೆ. ಕೈ ಸುಮ್ಮನೆ ಇರುವುದಿಲ್ಲ, ಅದಕ್ಕೆ ಬರೆಯುತ್ತಿದ್ದೇನೆ.

ಗದ್ದೆಯ ಈಚೆ ಬದುವಿನಲ್ಲಿ ಇನ್ಸ್‌ಪೆಕ್ಟರು. ಹೆಡ್ ಕಾನ್‌ಸ್ಟೇಬಲು ಕೊಡೆ ಹಿಡಿದಿದ್ದಾನೆ. ಅಕ್ಕು ಪದ ಎತ್ತಿದಳು. ಹೆದರಿ ಸ್ವರ ಕಟ್ಟಬಹುದು ಎಂದುಕೊಂಡಿದ್ದೆ. ಇಲ್ಲ. ಅದೇ ಸ್ವರ, ಇನ್ನೂ ಎತ್ತರ. ಹೆಡ್ ಕಾನ್‌ಸ್ಟೇಬಲು ಇನ್ಸ್‌ಪೆಕ್ಟರ ಕಿವಿಯಲ್ಲಿ ಏನೋ ಹೇಳಿದ. ಇನ್ಸ್‌ಪೆಕ್ಟರು ತಲೆಯಾಡಿಸಿದರು.

ಹನ್ನೊಂದಾಯಿತು. ಇನ್ನು ಎರಡು ಸಾಲು ಉಂಟು. ಅವರು ನೆಡುತ್ತಾ ನೆಡುತ್ತಾ ನಿಧಾನ ಮಾಡುತ್ತಿದ್ದಾರೆ. ಹತ್ತು ನೆಡುವ ಜಾಗದಲ್ಲಿ ಹದಿನೈದು ನೆಡುತ್ತಿದ್ದಾರೆ. ಆದರೂ ಗದ್ದೆಗೆ ಕೊನೆ ಇದೆಯಲ್ಲ.

ಕೊನೆಯ ಸಾಲು.

ಅಕ್ಕು ಕೇಳಿದಳು, ಈ ಗದ್ದೆ ಯಾರದು?

ಹಿಂದಿನವರು ಹೇಳಲಿಲ್ಲ. ಒಬ್ಬಳೂ ಹೇಳಲಿಲ್ಲ. ಬಗ್ಗಿದವರು ಬಗ್ಗಿಯೇ ಇದ್ದಾರೆ. ಕೈ ಕೆಸರಿನಲ್ಲೇ ಉಂಟು. ಅವಳು ಪದ ಬಿಡಲಿಲ್ಲ. ಉತ್ತರ ಬಂದಿಲ್ಲ, ಅಷ್ಟೇ. ಎಲ್ಲರೂ ಮಾತಾಡಿಕೊಂಡೇ ಗದ್ದೆಗೆ ಇಳಿದದ್ದು ಎಂದಾಯಿತು.

ಎರಡನೆಯ ಸಲ ಕೇಳಿದಳು. ಇಲ್ಲ. ಇನ್ಸ್‌ಪೆಕ್ಟರು ಬದುವಿನಿಂದ ಕೆಳಗಿಳಿದರು, ಬೂಟು ಕೆಸರಿನಲ್ಲಿ. ಅಕ್ಕುವಿನ ತೋಳು ಹಿಡಿಯಲು ಒಬ್ಬನನ್ನು ಕರೆಯುತ್ತಿದ್ದಾರೆ.

ಲೆಕ್ಕ ಸುಲಭ. ಗದ್ದೆಯವಳು ನಾನು. ಮಷೀನು ನನ್ನದು, ಕೆರೆಯಲ್ಲಿ ಉಂಟು, ತೆಗೆಸಿ ನೋಡಿ, ಹುಡುಗನಿಗೆ ಏನೂ ತಿಳಿಯದು, ಇವರಿಗೆ ಪದ ಬಿಟ್ಟು ಬೇರೆ ಏನೂ ತಿಳಿಯದು. ಇಷ್ಟು ಹೇಳಲು ಗಂಟಲು ಇದ್ದರೆ ಸಾಕು. ಅಕ್ಕು ಮೂರನೆಯ ಸಲ ಕೇಳುತ್ತಿದ್ದಾಳೆ. ಉತ್ತರ ನಾನು ಹೇಳುತ್ತೇನೆ. ಈಗ ಎದ್ದರೆ, ಪದ ಮುಗಿಯುವುದರೊಳಗೆ ಗದ್ದೆಗೆ —